'ಎಂ' ಚಿತ್ರದ ಹಿಂದಿದ್ದ ನಿರ್ಮಾಪಕ ಯಾರು?

ಪ್ರಶ್ನೆ: ಫ್ರಿಟ್ಸ್ ಲಾಂಗ್ ಅವರ 'ಎಂ' ನೋಡಿದೆ. ನಿರ್ಮಾಣ 'ನೀರೋ ಫಿಲ್ಮ್' ಅಂತಿದೆ. ನಿರ್ದೇಶಕರ ಬಗ್ಗೆ ಬೇಕಾದಷ್ಟು ಓದಿದ್ದೇನೆ. ಆದರೆ ನಿರ್ಮಾಪಕರ ಸುದ್ದಿಯೇ ಇಲ್ಲವಲ್ಲ, ಅವರು ಯಾರು?

ಉತ್ತರ: ಅವರು 'ನೀರೋ ಫಿಲ್ಮ್' ಕಂಪನಿ ನಡೆಸುತ್ತಿದ್ದ ಸೀಮೋರ್ ನೆಬೆನ್‌ಜಾಲ್. ಹುಟ್ಟಿದ್ದು ನ್ಯೂಯಾರ್ಕ್‌ನಲ್ಲಿ, ಹೆಸರು ಮಾಡಿದ್ದು ಬರ್ಲಿನ್‌ನಲ್ಲಿ. ಜರ್ಮನಿಯಲ್ಲಿ ಟಾಕಿ, ಅಂದರೆ ಮಾತಿನ ಚಿತ್ರ, ಶುರುವಾದ ಹೊಸತರಲ್ಲೇ ನಿರ್ದೇಶಕ ಪಾಬ್ಸ್ಟ್ ಅವರ 'ವೆಸ್ಟ್‌ಫ್ರಂಟ್ 1918', ಲಾಂಗ್ ಅವರ 'ಎಂ' ಎರಡನ್ನೂ ತೆಗೆದರು. ಒಂದು ಯುದ್ಧದ ಕಂದಕದ ಕಥೆ, ಇನ್ನೊಂದು ಮಕ್ಕಳನ್ನು ಕೊಲ್ಲುವವನದು. ಗಲ್ಲಾಪೆಟ್ಟಿಗೆ ನೋಡಿಕೊಂಡು ಕೂರುವವರು ಮುಟ್ಟುವ ಕಥೆಗಳಲ್ಲ.

ಹಾಗಂತ ಅವರಿಗೆ ವ್ಯಾಪಾರ ಗೊತ್ತಿರಲಿಲ್ಲ ಅಂದುಕೊಳ್ಳಬೇಡಿ. ಮೂಕಿ ಚಿತ್ರಕ್ಕೆ ಬರಹದ ಕಾರ್ಡ್ ಬದಲಿಸಿದರೆ ಸಾಕು, ಯಾವ ದೇಶದಲ್ಲಾದರೂ ಓಡುತ್ತಿತ್ತು. ಮಾತು ಬಂದದ್ದೇ ತಡ, ಆ ದಾರಿ ಮುಚ್ಚಿತು. ಡಬ್ಬಿಂಗ್ ಇನ್ನೂ ಪಳಗಿರಲಿಲ್ಲ. ಹಾಗಾಗಿ ಒಂದೇ ಸೆಟ್‌ನಲ್ಲಿ ಭಾಷೆಗೊಂದರಂತೆ ಎರಡೆರಡು ಸಲ ಶೂಟಿಂಗ್! ಅವರದೇ ನಿರ್ಮಾಣದ 1931ರ 'ತ್ರೀಪೆನ್ನಿ ಒಪೆರಾ'ದಲ್ಲಿ ಕಳ್ಳರ ನಾಯಕ ಮ್ಯಾಕಿ ಜರ್ಮನ್‌ನಲ್ಲಿ ರುಡಾಲ್ಫ್ ಫಾರ್ಸ್ಟರ್, ಫ್ರೆಂಚ್‌ನಲ್ಲಿ ಆಲ್ಬರ್ಟ್ ಪ್ರೆಜಾನ್. 1932ರ 'ಅಟ್ಲಾಂಟಿಸ್' ಅಂತೂ ಜರ್ಮನ್, ಫ್ರೆಂಚ್, ಇಂಗ್ಲಿಷ್ ಮೂರರಲ್ಲೂ ಬಂತು. ನಟಿ ಬ್ರಿಗಿಟ್ಟೆ ಹೆಲ್ಮ್ ಮೂರರಲ್ಲೂ ಇದ್ದಾರೆ.

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಅವರ 'ಕಾಮರಾಡ್‌ಶಾಫ್ಟ್' (1931). ಇಲ್ಲಿ ಎರಡು ಭಾಷೆಯೂ ಒಂದೇ ಚಿತ್ರದೊಳಗಿವೆ. ಗಡಿಯ ಆಚೆ ಫ್ರೆಂಚ್ ಗಣಿಯಲ್ಲಿ ಸ್ಫೋಟವಾಗುತ್ತದೆ, ಜರ್ಮನ್ ಕಾರ್ಮಿಕರು ಕಾಪಾಡಲು ಇಳಿಯುತ್ತಾರೆ. ಗ್ಯಾಸ್ ಮುಖವಾಡ ಹಾಕಿದ ಜರ್ಮನ್‌ನನ್ನು ಕಂಡ ಫ್ರೆಂಚ್ ಕಾರ್ಮಿಕನಿಗೆ ಯುದ್ಧದ ನೆನಪು ನುಗ್ಗಿ, ಕಾಪಾಡಲು ಬಂದವನ ಮೇಲೇ ಎರಗುತ್ತಾನೆ. ಆ ದೃಶ್ಯಕ್ಕೆ ಅನುವಾದ ಬೇಕಾ?

1933ರಲ್ಲಿ ಹಿಟ್ಲರ್ ಬಂದ. ನೆಬೆನ್‌ಜಾಲ್ ಯಹೂದಿ. ಲಾಂಗ್ ಅವರ ಜೊತೆ ಮಾಡಿದ 'ಡಾ. ಮಬೂಸೆಯ ಉಯಿಲು' ಬಿಡುಗಡೆಗೆ ಮೊದಲೇ ನಿಷೇಧವಾಯಿತು. ಮೊದಲ ಪ್ರದರ್ಶನ ನಡೆದದ್ದು ಬುಡಾಪೆಸ್ಟ್‌ನಲ್ಲಿ. ಜೊತೆಗೇ ತೆಗೆದಿದ್ದ ಫ್ರೆಂಚ್ ಆವೃತ್ತಿ ಜರ್ಮನಿಯ ಹೊರಗೆ ಉಪಯೋಗಕ್ಕೆ ಬಂತು. ನಿರ್ಮಾಪಕರು ಪ್ಯಾರಿಸ್‌ಗೆ ಹೋಗಿ 1936ರಲ್ಲಿ 'ಮೇಯರ್ಲಿಂಗ್' ಮಾಡಿದರು. ಅದು ಚೆನ್ನಾಗಿಯೇ ಓಡಿತು. ಆಮೇಲೆ ಹಾಲಿವುಡ್. ಅಲ್ಲಿ ನಿರ್ದೇಶಕ ಡಗ್ಲಸ್ ಸರ್ಕ್ ಅವರ ಜೊತೆ ಒಂದೆರಡು ಸಿನಿಮಾ ಬಂದವು, ಆದರೆ ಬರ್ಲಿನ್‌ನ ಆ ಓಟ ಮತ್ತೆ ಸಿಗಲಿಲ್ಲ. 1961ರಲ್ಲಿ ಮ್ಯೂನಿಕ್‌ನಲ್ಲಿ ತೀರಿಕೊಂಡರು.

1951ರಲ್ಲಿ ಅವರೇ 'ಎಂ' ಅನ್ನು ಲಾಸ್ ಏಂಜಲೀಸ್‌ನ ಬೀದಿಗಳಲ್ಲಿ ಮತ್ತೆ ತೆಗೆಸಿದರು, ನಿರ್ದೇಶನ ಜೋಸೆಫ್ ಲೋಸಿ. ಮೂಲ ನೋಡಿದ್ದೀರಲ್ಲ, ಅದನ್ನೂ ಒಮ್ಮೆ ನೋಡಿ. ನನ್ನ ಓಟು ಮಾತ್ರ ಹಳೆಯದಕ್ಕೇ.