ಕಥೆಗಳಲ್ಲಿ ಮನೆಯವರ ಜಗಳವೇ ಯಾಕೆ ಅಷ್ಟು ಹಿಡಿದು ಕೂರಿಸುತ್ತದೆ?

ಬಿಟ್ಟು ಹೋಗಲು ಆಗದ ಸಂಬಂಧ ಅದು, ಅದಕ್ಕೇ. ಸ್ನೇಹಿತ ಮೋಸ ಮಾಡಿದರೆ ಅವನ ಸಹವಾಸ ಬಿಡಬಹುದು. ಅಣ್ಣ ಮಾಡಿದರೆ? ಮಾತು ಬಿಟ್ಟರೂ ಅವನು ಅಣ್ಣನೇ ಅಲ್ವಾ. ಪ್ರೀತಿ, ಸಿಟ್ಟು ಎರಡೂ ಒಬ್ಬನ ಮೇಲೇ. ಹಾಗಾಗಿ ಗೆದ್ದರೂ ಏನೋ ಕಳೆದುಹೋಗುತ್ತದೆ.

ದುರಂತ ನಾಟಕಗಳ ಬಗ್ಗೆ ಬರೆಯುವಾಗ ಅರಿಸ್ಟಾಟಲ್ ಸುಮಾರು 2,300 ವರ್ಷಗಳ ಹಿಂದೆಯೇ ಇದನ್ನು ಗುರುತಿಸಿದ್ದ: ಶತ್ರು ಶತ್ರುವನ್ನು ಕೊಂದರೆ ಅಷ್ಟೇನೂ ಮರುಕ ಹುಟ್ಟುವುದಿಲ್ಲ, ಮಗ ತಂದೆಯನ್ನು ಕೊಲ್ಲಹೊರಟರೆ ಹುಟ್ಟುತ್ತದೆ.

ಬರೆಯುವವರಿಗೆ ಇನ್ನೊಂದು ಅನುಕೂಲವೂ ಇದೆ. ಮನೆಯವರ ನಡುವೆ ಹಳೇ ಲೆಕ್ಕ ಜಾಸ್ತಿ. ಆಸ್ತಿ ಪಾಲಾಗುವ ದೃಶ್ಯ ಅಂದುಕೊಳ್ಳಿ. ಅಕ್ಕ ತಂಗಿಗೆ, "ಅಪ್ಪನ ವಾಚ್ ನೀನೇ ಇಟ್ಕೋ ಬಿಡು" ಅನ್ನುತ್ತಾಳೆ. ಹೊರಗಿನವರಿಗೆ ಅದು ದೊಡ್ಡ ಮನಸ್ಸಿನ ಮಾತು. ಆದರೆ ಆಸ್ಪತ್ರೆಯಲ್ಲಿ ತಿಂಗಳುಗಟ್ಟಲೆ ಅಪ್ಪನನ್ನು ನೋಡಿಕೊಂಡವಳು ಅಕ್ಕ, ತಂಗಿ ಒಮ್ಮೆಯೂ ಬಂದಿರಲಿಲ್ಲ ಎಂದು ಓದುಗರಿಗೆ ಗೊತ್ತಿದ್ದರೆ? ಅದೇ ಮಾತು ಚುಚ್ಚುತ್ತದೆ. ಅಪರಿಚಿತರ ನಡುವೆ ಇಷ್ಟು ತೂಕ ತರಲು ಪುಟಗಟ್ಟಲೆ ಹಿನ್ನೆಲೆ ಬರೆಯಬೇಕು.

ಸುಮ್ನೆ ಕೂಗಾಡಿಸಿದರೆ ಮಾತ್ರ ಇದು ಕೆಲಸ ಮಾಡುವುದಿಲ್ಲ. ಎಷ್ಟೋ ಟೀವಿ ಧಾರಾವಾಹಿಗಳು ಎಡವುವುದು ಅಲ್ಲೇ.