ಒಂದೇ ದಿನದ ಕ್ರೂಸಿನಲ್ಲಿ ತಿಮಿಂಗಿಲ, ಡಾಲ್ಫಿನ್, ದ್ವೀಪ ಮೂರನ್ನೂ ನೋಡಲು ಸಾಧ್ಯವೇ?

ಬೆಳಿಗ್ಗೆ ಹೊರಟು ಸಂಜೆಗೆ ಮರಳುವ ಕ್ರೂಸೊಂದರಲ್ಲಿ ತಿಮಿಂಗಿಲ ಮತ್ತು ಡಾಲ್ಫಿನ್ ವೀಕ್ಷಣೆಯ ಜೊತೆಗೆ ದ್ವೀಪಭೇಟಿಯೂ ಸೇರಿದೆ ಎಂಬ ಜಾಹೀರಾತನ್ನು ನಂಬಬಹುದೇ, ಅಥವಾ ಎರಡಕ್ಕೂ ಬೇರೆ ಬೇರೆ ದಿನ ಇಟ್ಟುಕೊಳ್ಳಬೇಕೇ, ಜೊತೆಯಲ್ಲಿ ಬರುವ ವಯಸ್ಸಾದ ತಂದೆತಾಯಿಗೆ ಇಂಥ ಪ್ರಯಾಣ ಹಿಡಿಸುತ್ತದೆಯೇ ಎಂದು ನೀವು ಕೇಳಿದ್ದೀರಿ. ಬೇರೆ ಬೇರೆ ಕಡಲುಗಳಲ್ಲಿ ಇಂಥ ದೋಣಿಗಳನ್ನು ಹತ್ತಿದ ಅನುಭವದಿಂದ ಹೇಳುವುದಾದರೆ, ಇದನ್ನು ದ್ವೀಪಯಾತ್ರೆ ಎಂದುಕೊಂಡೇ ಟಿಕೆಟ್ ಕೊಳ್ಳಿ. ದಾರಿಯಲ್ಲಿ ಡಾಲ್ಫಿನ್ ಕಾಣುವ ಸಂಭವ ಬಹಳಷ್ಟು ಕಡೆ ಚೆನ್ನಾಗಿಯೇ ಇರುತ್ತದೆ; ತಿಮಿಂಗಿಲ ಕಂಡರೆ ಅದು ಮೇಲಿನ ಲಾಭ. ತಿಮಿಂಗಿಲವನ್ನು ನೋಡಲೇಬೇಕೆಂಬ ಹಂಬಲವಿದ್ದರೆ, ಅದಕ್ಕೆಂದೇ ಹೊರಡುವ ಮೂರು ನಾಲ್ಕು ಗಂಟೆಯ ದೋಣಿಯನ್ನು ಬೇರೊಂದು ದಿನ ಹಿಡಿಯುವುದು ಮೇಲು.

ಇದು ಮುಖ್ಯವಾಗಿ ಸಮಯದ ಲೆಕ್ಕಾಚಾರ. ಕ್ರೂಸ್ ಎಂಟು ಗಂಟೆಯದು, ದೋಣಿಯ ವೇಗ 15 ನಾಟ್ ಎಂದಿಟ್ಟುಕೊಳ್ಳಿ. ಅದು ಗಂಟೆಗೆ ಸುಮಾರು 28 ಕಿಲೋಮೀಟರ್ ಆಗುತ್ತದೆ. ದ್ವೀಪ 40 ಕಿಲೋಮೀಟರ್ ದೂರದಲ್ಲಿದ್ದರೆ ಹೋಗಿಬರುವುದಕ್ಕೇ ಮೂರು ಗಂಟೆ ಬೇಕು. ದ್ವೀಪದ ಮೇಲೆ ಮೂರು ಗಂಟೆ, ಹತ್ತುವ, ಇಳಿಯುವ, ಸುರಕ್ಷತಾ ಸೂಚನೆ ಕೇಳುವ ಗಡಿಬಿಡಿಗೆ ಒಂದು ಗಂಟೆ ಕಳೆದರೆ, ಪ್ರಾಣಿಗಳನ್ನು ಹುಡುಕಿ ನಿಂತು ನೋಡುವುದಕ್ಕೆ ಉಳಿಯುವುದು ಒಂದೇ ಗಂಟೆ. ಕ್ಯಾಪ್ಟನ್ ಎಷ್ಟೇ ಉತ್ಸಾಹಿಯಾಗಿದ್ದರೂ, ಕಡಲಿನ ಇಳಿತದ ಹೊತ್ತಿಗೆ ದ್ವೀಪದ ಜೆಟ್ಟಿಯಲ್ಲಿ ನೀರು ಸಾಲದೆ ಹೋಗುವಂತಿದ್ದರೆ ಅವನು ತಿಮಿಂಗಿಲಕ್ಕಾಗಿ ಕಾಯುತ್ತ ನಿಲ್ಲಲಾರ. ಸ್ಪರ್ಮ್ ತಿಮಿಂಗಿಲವು ಬಾಲವೆತ್ತಿ ಒಮ್ಮೆ ಮುಳುಗಿತೆಂದರೆ ಮುಕ್ಕಾಲು ಗಂಟೆ, ಕೆಲವೊಮ್ಮೆ ಒಂದು ಗಂಟೆಯವರೆಗೂ ಮೇಲೆ ಬರುವುದಿಲ್ಲ. ತಿಮಿಂಗಿಲಕ್ಕೆಂದೇ ಹೋಗುವ ದೋಣಿಯವರು ನೀರಿಗೆ ಹೈಡ್ರೋಫೋನ್ ಎಂಬ ನೀರೊಳಗಿನ ಮೈಕನ್ನು ಇಳಿಸಿ, ಆಳದಲ್ಲಿ ಅದು ಹೊರಡಿಸುವ ಟಿಕ್ ಟಿಕ್ ಸದ್ದನ್ನು ಆಲಿಸಿ, ಅದು ಏಳುವ ಜಾಗವನ್ನು ಅಂದಾಜು ಮಾಡಿ ಕಾಯುತ್ತಾರೆ. ಎರಡನ್ನೂ ಮಾಡಲು ಹೊರಟ ದೋಣಿಗೆ ಆ ವ್ಯವಧಾನ ಇರುವುದಿಲ್ಲ. ಎರಡು ದೋಣಿಯ ಮೇಲೆ ಕಾಲಿಡಬಾರದು ಎಂಬ ಮಾತು ಇಲ್ಲಿ ಒಂದೇ ದೋಣಿಯ ವಿಷಯದಲ್ಲಿ ನಿಜವಾಗುತ್ತದೆ.

ಆದ್ದರಿಂದ ಹಣ ಕಟ್ಟುವ ಮುನ್ನ ಎರಡು ಪ್ರಶ್ನೆ ಕೇಳಿ. ದ್ವೀಪದ ಮೇಲೆ ಎಷ್ಟು ಹೊತ್ತು, ಪ್ರಾಣಿ ಹುಡುಕುವುದಕ್ಕೆಂದೇ ಎತ್ತಿಟ್ಟ ಸಮಯ ಎಷ್ಟು ಎಂಬುದು ಮೊದಲನೆಯದು. ದ್ವೀಪಭೇಟಿ ಎಂದರೆ ನಿಜವಾಗಿ ನೆಲದ ಮೇಲೆ ಇಳಿಸುತ್ತಾರೆಯೇ, ಅಥವಾ ಸುತ್ತು ಹಾಕಿ ಬಂಡೆ, ಗುಹೆಗಳನ್ನು ತೋರಿಸಿ ಹಿಂದಿರುಗುತ್ತಾರೆಯೇ ಎಂಬುದು ಎರಡನೆಯದು. ಜಾಹೀರಾತಿನ ಭಾಷೆ ಈ ಎರಡನೆಯ ವಿಷಯದಲ್ಲಿ ಬೇಕೆಂದೇ ಮಸುಕಾಗಿರುತ್ತದೆ ಎಂಬುದು ನನ್ನ ಅನುಮಾನ.

ಇನ್ನು ಜಾಗದ ವಿಚಾರ. ನಿಮ್ಮ ಕ್ರೂಸಿನ ದಾರಿಯನ್ನು ಆಳ ತೋರಿಸುವ ಕಡಲಿನ ನಕ್ಷೆಯಲ್ಲಿ ಒಮ್ಮೆ ಹುಡುಕಿ ನೋಡಿ. ಯಾವ ವಿಮರ್ಶೆಗಿಂತಲೂ ಹೆಚ್ಚಿನದನ್ನು ಅದು ಹೇಳುತ್ತದೆ. ನ್ಯೂಜಿಲೆಂಡಿನ ಕೈಕೋರಾದಲ್ಲಿ ಸಾವಿರ ಮೀಟರಿಗೂ ಆಳವಾದ ಕಡಲಕಂದರ ದಡದ ಸಮೀಪಕ್ಕೇ ಬಂದಿರುವುದರಿಂದ ಸ್ಪರ್ಮ್ ತಿಮಿಂಗಿಲಗಳು ಅಲ್ಲಿ ವರ್ಷವಿಡೀ ಇರುತ್ತವೆ. ಅಟ್ಲಾಂಟಿಕ್ ನಡುವೆ ಎದ್ದಿರುವ ಅಜೋರ್ಸ್ ಜ್ವಾಲಾಮುಖಿ ದ್ವೀಪಗಳ ಸುತ್ತಲೂ ದಡ ಬಿಟ್ಟ ಸ್ವಲ್ಪ ದೂರದಲ್ಲೇ ನೀರು ಆಳವಾಗುತ್ತದೆ. ಶ್ರೀಲಂಕಾದ ದಕ್ಷಿಣದ ಮಿರಿಸ್ಸದಿಂದ ಹೊರಡುವ ದೋಣಿಗಳಿಗೆ ನವೆಂಬರಿನಿಂದ ಏಪ್ರಿಲ್‌ವರೆಗೆ ನೀಲಿ ತಿಮಿಂಗಿಲ ಕಾಣಸಿಗುವುದಕ್ಕೂ ಅಲ್ಲಿ ಆಳದ ನೀರು ದಡಕ್ಕೆ ಹತ್ತಿರವಿರುವುದೇ ಕಾರಣ. ಇಂಥ ಕಡೆ ದ್ವೀಪದ ದಾರಿಯೇ ತಿಮಿಂಗಿಲದ ದಾರಿಯೂ ಆಗಿರಬಹುದು. ದ್ವೀಪಗಳೆಲ್ಲ ತಗ್ಗು ನೀರಿನ ಕೊಲ್ಲಿಯೊಳಗೆ ಚದುರಿಕೊಂಡಿದ್ದರೆ ದೊಡ್ಡ ತಿಮಿಂಗಿಲದ ಆಸೆಯನ್ನು ಸ್ವಲ್ಪ ಕಡಿಮೆ ಮಾಡಿಕೊಳ್ಳುವುದು ಒಳ್ಳೆಯದು.

ಈ ಲೆಕ್ಕಕ್ಕೆ ದೊಡ್ಡ ಅಪವಾದವೆಂದರೆ ಹಂಪ್‌ಬ್ಯಾಕ್ ತಿಮಿಂಗಿಲ. ಅದು ಧ್ರುವದ ಕಡೆಯ ತಣ್ಣೀರಿನಲ್ಲಿ ಮೇದು, ಮರಿ ಹಾಕುವುದಕ್ಕೆ ಸಾವಿರಾರು ಕಿಲೋಮೀಟರ್ ದಾಟಿ ಬೆಚ್ಚಗಿನ ನೀರಿಗೆ ಬರುತ್ತದೆ. ಮರಿಯೊಂದಿಗೆ ತಗ್ಗು ನೀರಿನ ಮರೆಯಲ್ಲಿ ತಂಗುವುದೂ ಉಂಟು. ಆಸ್ಟ್ರೇಲಿಯಾದ ಹರ್ವಿ ಕೊಲ್ಲಿಗೆ ಗಾರಿ (K'gari, ಹಿಂದಿನ ಫ್ರೇಸರ್) ದ್ವೀಪವೇ ಅಡ್ಡಗೋಡೆಯಾಗಿ ನಿಂತು ಅಲೆಯನ್ನು ತಡೆಯುವುದರಿಂದ, ಜುಲೈನಿಂದ ಅಕ್ಟೋಬರ್ ಕೊನೆಯವರೆಗೆ ಹಂಪ್‌ಬ್ಯಾಕ್‌ಗಳು ಅಲ್ಲಿ ತಂಗಿ ಮುಂದೆ ಸಾಗುತ್ತವೆ. ದ್ವೀಪ ಮತ್ತು ತಿಮಿಂಗಿಲ ಎರಡನ್ನೂ ಒಂದೇ ದಿನದಲ್ಲಿ ನಿಜಕ್ಕೂ ಕೊಡಬಲ್ಲ ಜಾಗಗಳಲ್ಲಿ ಅದೊಂದು. ಕ್ಯಾಲಿಫೋರ್ನಿಯಾದ ವೆಂಚುರಾದಿಂದ ಚಾನೆಲ್ ದ್ವೀಪಗಳಿಗೆ ಹೋಗುವ ದೋಣಿಗಳೂ ಈ ಸಾಲಿಗೆ ಸೇರುತ್ತವೆ: ಸಾಂತಾ ಕ್ರೂಜ್ ದ್ವೀಪಕ್ಕೆ ಸುಮಾರು ಒಂದು ಗಂಟೆಯ ದಾರಿ, ನಡುವೆ ನೂರಾರು ಕಾಮನ್ ಡಾಲ್ಫಿನ್‌ಗಳ ಹಿಂಡು ಎದುರಾಗುವುದು ಅಪರೂಪವಲ್ಲ, ಚಳಿಗಾಲ ಮತ್ತು ವಸಂತದಲ್ಲಿ ಬೂದು ತಿಮಿಂಗಿಲ, ಬೇಸಿಗೆಯಲ್ಲಿ ನೀಲಿ ತಿಮಿಂಗಿಲ ಮತ್ತು ಹಂಪ್‌ಬ್ಯಾಕ್. ದ್ವೀಪದಲ್ಲಿ ಇಳಿದರೆ ಬೆಕ್ಕಿನ ಗಾತ್ರದ ಐಲೆಂಡ್ ಫಾಕ್ಸ್ ಎಂಬ ನರಿ ನೋಡಸಿಗುತ್ತದೆ. ಆ ಜಾತಿ ಆ ದ್ವೀಪಸಮೂಹವನ್ನು ಬಿಟ್ಟು ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲ. ಸ್ಕಾಟ್ಲೆಂಡಿನ ಮಲ್ ದ್ವೀಪದ ಕಡೆಯಿಂದ ಸ್ಟಾಫಾ, ಟ್ರೆಶ್ನಿಷ್ ದ್ವೀಪಗಳಿಗೆ ಹೋಗುವ ಬೇಸಿಗೆಯ ಕ್ರೂಸುಗಳಲ್ಲಿ ಮಿಂಕೆ ತಿಮಿಂಗಿಲ ಕಾಣಬಹುದು. ಆದರೆ ಮಿಂಕೆ ನಾಚಿಕೆಯ ಪ್ರಾಣಿ. ಬೆನ್ನು ತೋರಿಸಿ ಮಾಯವಾಗುತ್ತದೆ. ಅಲ್ಲಿ ದಿನದ ಸಂತೋಷ ಪಫಿನ್ ಹಕ್ಕಿಗಳದ್ದು, ಅವೂ ಆಗಸ್ಟ್ ಬರುವಷ್ಟರಲ್ಲಿ ಕಡಲಿಗೆ ಹೊರಟುಹೋಗಿರುತ್ತವೆ. ಋತು ತಪ್ಪಿದರೆ ಯಾವ ಗೈಡೂ ಏನೂ ಮಾಡಲಾರ.

ಡಾಲ್ಫಿನ್‌ಗಳ ಕಥೆ ಬೇರೆ. ನಾವು ಅವುಗಳ ಬಳಿಗೆ ಹೋಗಬೇಕಾಗಿಲ್ಲ, ಮನಸ್ಸು ಬಂದರೆ ಅವೇ ಬರುತ್ತವೆ. ಚಲಿಸುವ ದೋಣಿಯ ಮುಂತುದಿ ನೀರನ್ನು ತಳ್ಳುವಾಗ ಅದರ ಮುಂದೆ ಒತ್ತಡದ ಅಲೆಯೊಂದು ಏಳುತ್ತದೆ. ಡಾಲ್ಫಿನ್ ಅದರ ಮೇಲೆ ಬಾಲ ಆಡಿಸುವ ಶ್ರಮವೂ ಇಲ್ಲದೆ ಸವಾರಿ ಮಾಡುತ್ತದೆ. ಮುಂಭಾಗದ ಕಂಬಿ ಹಿಡಿದು ಬಗ್ಗಿ ನೋಡಿದರೆ, ಕೈಗೆ ಎಟಕುತ್ತದೆಯೇನೋ ಎನ್ನುವಷ್ಟು ಹತ್ತಿರದಲ್ಲಿ ಅದು ಒಂದು ಪಕ್ಕಕ್ಕೆ ಹೊರಳಿ, ಒಂದು ಕಣ್ಣಿನಿಂದ ಮೇಲೆ ನಿಂತವರನ್ನು ನೋಡುತ್ತದೆ. ಬೆನ್ನಿನ ಮೇಲಿನ ಹಳೆಯ ಗೀರುಗಳು, ಉಸಿರಿನ ರಂಧ್ರ ತೆರೆದು ಮುಚ್ಚುವಾಗಿನ ಚಿಕ್ಕ ಸದ್ದು ಎಲ್ಲವೂ ಗೊತ್ತಾಗುತ್ತವೆ. ಆ ಹೊತ್ತಿನಲ್ಲಿ ಮೊಬೈಲ್ ಕೆಳಗಿಡುವುದು ಜಾಣತನ. ವಿಡಿಯೋಗಳಲ್ಲಿ ಬರುವುದು ಹೆಚ್ಚಾಗಿ ಪಕ್ಕದವರ ಮೊಣಕೈ.

ಆದರೆ ಅವನ್ನು ಬೆನ್ನಟ್ಟುವ ದೋಣಿಯನ್ನು ಹತ್ತಬೇಡಿ. ನ್ಯೂಜಿಲೆಂಡಿನ ಬೇ ಆಫ್ ಐಲೆಂಡ್ಸ್ ಎಂಬ, ಹೆಸರಿಗೆ ತಕ್ಕಂತೆ ನೂರಕ್ಕೂ ಹೆಚ್ಚು ದ್ವೀಪಗಳಿರುವ ಕೊಲ್ಲಿಯಲ್ಲಿ ಡಾಲ್ಫಿನ್ ತೋರಿಸಿ ದ್ವೀಪಕ್ಕೆ ಇಳಿಸುವ ಕ್ರೂಸುಗಳು ಬಹಳ ಜನಪ್ರಿಯವಾಗಿದ್ದವು. ದೋಣಿ ಮತ್ತು ಈಜುಗಾರರ ಕಾಟದಲ್ಲಿ ಬಾಟಲ್‌ನೋಸ್ ಡಾಲ್ಫಿನ್‌ಗಳಿಗೆ ಮೇಯುವುದಕ್ಕೂ ವಿಶ್ರಾಂತಿಗೂ ಹೊತ್ತು ಸಾಲದೆ ಅವುಗಳ ಸಂಖ್ಯೆ ಕುಸಿದಿತ್ತು. 2019ರಲ್ಲಿ ಅವುಗಳೊಂದಿಗೆ ಈಜುವುದನ್ನು ಸರ್ಕಾರ ನಿಷೇಧಿಸಿತು. 2021ರಲ್ಲಿ ಆ ಕೊಲ್ಲಿಯನ್ನೇ ಕಡಲ ಸಸ್ತನಿಗಳ ರಕ್ಷಿತ ಪ್ರದೇಶವೆಂದು ಘೋಷಿಸಿ, ದೋಣಿಗಳು 300 ಮೀಟರ್ ದೂರವಿರಬೇಕೆಂದು ನಿಯಮ ಮಾಡಿತು. ಹವಾಯಿಯಲ್ಲಿ ಸ್ಪಿನ್ನರ್ ಡಾಲ್ಫಿನ್‌ಗಳು ರಾತ್ರಿ ಬೇಟೆಯಾಡಿ ಹಗಲು ದಡದ ಸಮೀಪ ವಿಶ್ರಮಿಸುತ್ತವೆ, ಅಂದರೆ ಪ್ರವಾಸಿಗರು ಬರುವ ಹೊತ್ತೇ ಅವುಗಳ ನಿದ್ದೆಯ ಹೊತ್ತು. ಅಲ್ಲಿಯೂ 2021ರಿಂದ ಸುಮಾರು 45 ಮೀಟರಿಗಿಂತ ಹತ್ತಿರ ಹೋಗುವಂತಿಲ್ಲ. ಆಸ್ಟ್ರೇಲಿಯಾದಲ್ಲಿ ತಿಮಿಂಗಿಲಕ್ಕೆ 100 ಮೀಟರ್, ಮರಿ ಜೊತೆಗಿದ್ದರೆ 300 ಮೀಟರ್ ಎಂಬ ಅಂತರವಿದೆ. ನೀವು ಹೋಗುವ ಕಡೆಯ ನಿಯಮವನ್ನು ಮೊದಲೇ ಓದಿಕೊಂಡು, ಆ ಕಂಪನಿ ತನ್ನ ಪುಟದಲ್ಲಿ ಅದನ್ನು ಹೇಳಿಕೊಂಡಿದೆಯೇ ನೋಡಿ. ಮೈಮೇಲೆ ಬಿದ್ದಂತೆ ಹತ್ತಿರ ಹೋದ ಚಿತ್ರಗಳನ್ನೇ ಮುಂದೆ ಮಾಡಿದವರಿಗಿಂತ ಅಂತರದ ಮಾತಾಡುವವರು ನಂಬಿಕೆಗೆ ಯೋಗ್ಯರು. ಕೆಲವರು ಪ್ರಾಣಿ ಕಾಣುವುದು ಖಾತರಿ ಎಂದು ಬರೆದಿರುತ್ತಾರೆ. ಕಾಣದಿದ್ದರೆ ಸಿಗುವುದು ಬಹುತೇಕ ಹಣ ವಾಪಸಲ್ಲ, ಇನ್ನೊಮ್ಮೆ ಬರುವ ಅವಕಾಶ. ಮರುದಿನವೇ ಊರು ಬಿಡುವವರಿಗೆ ಅದರಿಂದ ಉಪಯೋಗವಿಲ್ಲ. ಒಂದು ಡಾಲ್ಫಿನ್ ಕಂಡರೂ ಖಾತರಿ ಮುಗಿಯಿತು ಎನ್ನುವವರಿದ್ದಾರೆ, ಅದನ್ನೂ ಕೇಳಿಕೊಳ್ಳಿ.

ನೋಡುವ ಕ್ರಮವನ್ನೂ ಸ್ವಲ್ಪ ಹೇಳುತ್ತೇನೆ, ಏಕೆಂದರೆ ಹೆಚ್ಚಿನವರು ನೀರಿನ ಒಂದೇ ಬಿಂದುವನ್ನು ದಿಟ್ಟಿಸಿ ಸುಸ್ತಾಗುತ್ತಾರೆ. ಗಾಳಿ ಹತ್ತು ನಾಟ್ ದಾಟಿ ಕಡಲ ತುಂಬ ಬಿಳಿ ನೊರೆ ಎದ್ದರೆ ಪ್ರಾಣಿಗಳ ಚಿಕ್ಕ ಈಜುರೆಕ್ಕೆಗಳನ್ನು ಗುರುತಿಸುವುದು ಕಷ್ಟ; ಆದ್ದರಿಂದ ಗಾಳಿ ಸಾಮಾನ್ಯವಾಗಿ ಕಡಿಮೆಯಿರುವ ಬೆಳಗಿನ ಹೊತ್ತೇ ನೋಡುವುದಕ್ಕೆ ಉತ್ತಮ, ಪ್ರಾಣಿಗಳನ್ನು ಮೊದಲು ಹುಡುಕಿ ಆಮೇಲೆ ದ್ವೀಪಕ್ಕೆ ಹೋಗುವ ಕ್ರೂಸನ್ನೇ ಆರಿಸಿ. ದಿಗಂತದ ಗುಂಟ ಕಣ್ಣನ್ನು ನಿಧಾನವಾಗಿ ಆಡಿಸುತ್ತಿರಿ. ಮೊದಲು ಕಾಣುವುದು ಸಾಮಾನ್ಯವಾಗಿ ಪ್ರಾಣಿಯಲ್ಲ, ಅದರ ಉಸಿರು: ನೀಲಿ ತಿಮಿಂಗಿಲದ್ದು ನೆಟ್ಟಗೆ ಒಂಬತ್ತು ಮೀಟರಿನಷ್ಟು ಏಳುವ ಕಂಬ, ಹಂಪ್‌ಬ್ಯಾಕಿನದು ಪೊದೆಯಂತೆ ಹರಡಿದ್ದು, ಸ್ಪರ್ಮ್ ತಿಮಿಂಗಿಲದ್ದು ಎಡಕ್ಕೂ ಮುಂದಕ್ಕೂ ವಾಲಿದ್ದು, ಏಕೆಂದರೆ ಅದರ ಮೂಗಿನ ರಂಧ್ರ ತಲೆಯ ಎಡತುದಿಯಲ್ಲಿದೆ. ಹಕ್ಕಿಗಳು ಒಂದೇ ಜಾಗದಲ್ಲಿ ಸುತ್ತಿ ನೀರಿಗೆ ಎರಗುತ್ತಿದ್ದರೆ ಕೆಳಗೆ ಮೀನಿನ ಹಿಂಡಿದೆ, ಹತ್ತಿರದಲ್ಲಿ ಡಾಲ್ಫಿನ್ ಇರಬಹುದು. ಅಲೆಗಳ ನಡುವೆ ಎಣ್ಣೆ ಸುರಿದಂತೆ ನಯವಾದ ವೃತ್ತ ಕಂಡರೆ, ತಿಮಿಂಗಿಲ ಆಗಷ್ಟೇ ಬಾಲ ಬಡಿದು ಅಲ್ಲಿ ಮುಳುಗಿದೆ ಎಂದರ್ಥ. ಗೈಡ್ 'ಎರಡು ಗಂಟೆ' ಎಂದು ಕೂಗಿದರೆ ಗಡಿಯಾರ ನೋಡಬೇಡಿ. ದೋಣಿಯ ಮುಂತುದಿಯನ್ನು ಹನ್ನೆರಡು ಗಂಟೆ ಎಂದುಕೊಂಡು ಹೇಳುವ ದಿಕ್ಕು ಅದು, ಬಲಗಡೆ ಮೂರು, ಎಡಗಡೆ ಒಂಬತ್ತು. ಬೈನಾಕ್ಯುಲರ್ ಒಯ್ಯುವುದಾದರೆ ಏಳು ಅಥವಾ ಎಂಟು ಪಟ್ಟು ದೊಡ್ಡದಾಗಿಸುವುದು ಸಾಕು, ಅದಕ್ಕಿಂತ ಹೆಚ್ಚಾದರೆ ಅಲುಗುವ ದೋಣಿಯಲ್ಲಿ ಏನೂ ನಿಲ್ಲುವುದಿಲ್ಲ.

ಕೊನೆಗೆ ನಿಮ್ಮ ತಂದೆತಾಯಿಯ ವಿಷಯ. ಕರೆದುಕೊಂಡು ಹೋಗಬಹುದು, ಆದರೆ ದೋಣಿ ಯಾವುದೆಂದು ನೋಡಿಕೊಂಡು. ಗಾಳಿ ತುಂಬಿದ ರಬ್ಬರ್ ದೋಣಿಗಳು ವೇಗವಾಗಿ ಹೋಗಿ ಅಲೆಯ ಮೇಲೆ ಬಡಿಯುತ್ತವೆ. ಬೆನ್ನು, ಕುತ್ತಿಗೆ ನೋವಿದ್ದವರನ್ನು ಅದಕ್ಕೆ ಹತ್ತಿಸಲೇಬಾರದು. ಎರಡು ಒಡಲಿನ ಅಗಲವಾದ ಕ್ಯಾಟಮರಾನ್, ಒಳಗೆ ಕೂರುವ ಜಾಗ ಮತ್ತು ಶೌಚಾಲಯ ಇರುವಂಥದ್ದು, ಅವರಿಗೆ ಸರಿ. ವಾಕರಿಕೆಯ ಮಾತ್ರೆಯನ್ನು ಹೊರಡುವ ಮುನ್ನವೇ ತೆಗೆದುಕೊಳ್ಳಬೇಕು, ಹೊಟ್ಟೆ ತೊಳೆಸಲು ಶುರುವಾದ ಮೇಲೆ ಅದು ಹೆಚ್ಚು ಕೆಲಸ ಮಾಡುವುದಿಲ್ಲ. ಅದು ನಿದ್ದೆ ತರಿಸುತ್ತದೆ, ರಕ್ತದೊತ್ತಡ ಮುಂತಾದವಕ್ಕೆ ಔಷಧಿ ತೆಗೆದುಕೊಳ್ಳುವವರಾದರೆ ವೈದ್ಯರನ್ನು ಕೇಳಿಯೇ ಕೊಡಿ. ದೋಣಿಯ ನಡುಭಾಗದಲ್ಲಿ, ಕೆಳಗಿನ ಡೆಕ್ಕಿನಲ್ಲಿ ಅಲುಗಾಟ ಕಡಿಮೆ. ದಿಗಂತ ಕಾಣುವಂತೆ ಕೂರಿಸಿ, ಮೊಬೈಲ್ ಓದಲು ಬಿಡಬೇಡಿ.

ದ್ವೀಪದಲ್ಲಿ ಇಳಿಯುವುದು ಜೆಟ್ಟಿಗೋ, ಡಿಂಗಿ ಎಂಬ ಪುಟ್ಟ ದೋಣಿಯಿಂದ ಮೊಣಕಾಲು ನೀರಿಗೋ, ಅಥವಾ ಕಬ್ಬಿಣದ ಏಣಿ ಹತ್ತಿಯೋ ಎಂಬುದನ್ನು ಮುಂಚಿತವಾಗಿ ವಿಚಾರಿಸಿ, ಏಕೆಂದರೆ ಮಂಡಿನೋವಿರುವವರಿಗೆ ಇಡೀ ದಿನದಲ್ಲಿ ಕಷ್ಟವಾಗುವುದು ಆ ಎರಡು ನಿಮಿಷವೇ. ಇಂಥ ದ್ವೀಪಗಳಲ್ಲಿ ಹಲವು ಕಡೆ ಅಂಗಡಿ ಇರುವುದಿಲ್ಲ, ನೀರು ಮತ್ತು ಬುತ್ತಿ ನೀವೇ ಒಯ್ಯಬೇಕು. ಇಲಿ, ಇರುವೆಗಳಿಲ್ಲದಂತೆ ಕಾಪಾಡಿಕೊಂಡ ಪಕ್ಷಿಧಾಮಗಳಾದರೆ ಹೊರಡುವಾಗಲೇ ಚೀಲ ಬಿಚ್ಚಿ ತೋರಿಸಲು, ಬೂಟಿನ ಅಡಿಯ ಮಣ್ಣು ಮತ್ತು ಬೀಜಗಳನ್ನು ಉಜ್ಜಿ ತೆಗೆಯಲು ಹೇಳುತ್ತಾರೆ; ಹಿಂದಿನ ರಾತ್ರಿಯೇ ಅದನ್ನು ಮಾಡಿಟ್ಟುಕೊಂಡರೆ ಸಾಲಿನಲ್ಲಿ ನಿಲ್ಲುವುದು ತಪ್ಪುತ್ತದೆ. ಮಧ್ಯಾಹ್ನದ ನಂತರ ಗಾಳಿ ಏಳುವುದರಿಂದ ಮರಳುವ ಪ್ರಯಾಣ ಬೆಳಗಿನದಕ್ಕಿಂತ ಒರಟಾಗಿರುತ್ತದೆ, ಆದ್ದರಿಂದ ದ್ವೀಪದಿಂದ ಹತ್ತುವಾಗ ಸ್ವಲ್ಪ ಮೊದಲೇ ಬಂದು ಅವರಿಗಾಗಿ ಒಳಗಿನ ಆಸನಗಳನ್ನು ಹಿಡಿದುಬಿಡಿ.