‘ಕಣ್ಣಿಗೆ ಕಣ್ಣು’ ಅನ್ನುವವರು ಮುಂದಿನ ಸಾಲನ್ನೂ ಓದಿ

ಪ್ರಶ್ನೆ: ಪ್ರಾಚೀನ ಬ್ಯಾಬಿಲೋನಿನ (ಈಗಿನ ಇರಾಕ್) ರಾಜ ಹಮ್ಮುರಾಬಿ ಕಾಲದಲ್ಲಿ ಕಣ್ಣಿಗೆ ಕಣ್ಣು, ಎಲ್ಲರಿಗೂ ಒಂದೇ ಶಿಕ್ಷೆ. ವಾಯಿದೆ ಮೇಲೆ ವಾಯಿದೆ ಇರಲಿಲ್ಲ. ಅದೇ ವಾಸಿ ಅಲ್ವಾ?

ಉತ್ತರ: ಈ ಪ್ರಶ್ನೆ ಬಾರದ ತಿಂಗಳೇ ಇಲ್ಲ. ಕೇಳುವವರಲ್ಲಿ ಒಬ್ಬರೂ ಆ ಕಾನೂನನ್ನು ಪೂರ್ತಿ ಓದಿರುವುದಿಲ್ಲ.

ಆ ಕಾನೂನು ಕೆತ್ತಿದ ಕಪ್ಪು ಕಲ್ಲು ಈಗ ಪ್ಯಾರಿಸ್ಸಿನ ಲೂವ್ರ್ ಮ್ಯೂಸಿಯಂನಲ್ಲಿದೆ. ಆಳೆತ್ತರಕ್ಕಿಂತ ಜಾಸ್ತಿ, ಮೈತುಂಬ ಮೊಳೆಯಂಥ ಅಕ್ಷರ. ವಿದ್ವಾಂಸರು ಎಣಿಸಿದ್ದು 282 ಕಟ್ಟಳೆ. 196ನೆಯದರಲ್ಲಿ ನಿಮ್ಮ ‘ಕಣ್ಣಿಗೆ ಕಣ್ಣು’ ಇದೆ, ಸರಿ. ಆದರೆ ಅದು ದೊಡ್ಡ ಮನುಷ್ಯನ ಕಣ್ಣಿಗೆ ಮಾತ್ರ. ಸಾಮಾನ್ಯನ ಕಣ್ಣು ಹೋದರೆ ಸುಮಾರು ಅರ್ಧ ಕೆಜಿ ಬೆಳ್ಳಿ ಕೊಟ್ಟರೆ ಮುಗಿಯಿತು. ಗುಲಾಮನ ಕಣ್ಣಾದರೆ ಅವನ ಬೆಲೆಯಲ್ಲಿ ಅರ್ಧ. ಎಲ್ಲರಿಗೂ ಒಂದೇ ಅಂದಿರಲ್ಲ, ಎಲ್ಲಿದೆ?

230ನೆಯದನ್ನೂ ನೋಡಿ. ಕಟ್ಟಿದ ಮನೆ ಕುಸಿದು ಯಜಮಾನನ ಮಗ ಸತ್ತರೆ, ಮನೆ ಕಟ್ಟಿದವನ ಮಗನನ್ನು ಕೊಲ್ಲಬೇಕು. ಆ ಹುಡುಗ ಏನು ಮಾಡಿದ್ದ?

ವಾಯಿದೆ ಬೇಡ ಅನ್ನುವವರಿಗೆ 2ನೆಯದು. ಮಾಟ ಮಾಡಿದ ಅಂತ ದೂರು ಬಂದರೆ, ರುಜುವಾತು ಇಲ್ಲದಿದ್ದರೆ, ಆರೋಪಿ ನದಿಗೆ ಧುಮುಕಬೇಕು. ಮುಳುಗಿದರೆ ಮನೆ ದೂರು ಕೊಟ್ಟವನಿಗೆ. ಬದುಕಿ ಬಂದರೆ ದೂರು ಕೊಟ್ಟವನ ತಲೆ ಹೋಯಿತು, ಅವನ ಮನೆ ಆರೋಪಿಗೆ. ಬೇಗ ಮುಗಿಯುತ್ತದೆ, ನಿಜ. ನಿಮಗೆ ಈಜು ಬರುತ್ತಾ?

ಇನ್ನೊಂದು ವಿಷಯ. ‘ಮೊದಲು ಕಠಿಣ ಶಿಕ್ಷೆ ಇತ್ತು, ದಂಡ ಅನ್ನೋ ಮೆದುತನ ಆಮೇಲೆ ಬಂತು’ ಅಂತ ವಿಡಿಯೋಗಳಲ್ಲಿ ಒದರುವವರಿದ್ದಾರೆ. ಸುಮ್ನೆ ಬುರುಡೆ. ಹಮ್ಮುರಾಬಿಗಿಂತ ಸುಮಾರು 300 ವರ್ಷ ಹಳೆಯದು ಉರ್ ಪಟ್ಟಣದ ರಾಜ ಉರ್-ನಮ್ಮುವಿನ ಕಾನೂನು. ಅದರಲ್ಲಿ ಕಣ್ಣು ಕಿತ್ತವನು ಬೆಳ್ಳಿಯನ್ನೇ ಕೊಡಬೇಕಿತ್ತು. ಇಂಥವರ ಮಾತು ಕೇಳಿ ನನಗೆ ಪತ್ರ ಬರೆಯಬೇಡಿ.

ಪ್ರಶ್ನೆ: ತಪ್ಪು ಮಾಡಿದ್ದು ಗೊತ್ತೇ ಇರುವಾಗ ವಕೀಲ ಯಾಕೆ?

ಉತ್ತರ: ಗೊತ್ತು ಅಂತ ಹೇಳಿದ್ದು ಯಾರು? ಇಂಗ್ಲೆಂಡಿನಲ್ಲಿ ಗಂಭೀರ ಅಪರಾಧದ ಆರೋಪಿಯ ಪರ ವಕೀಲ ಪೂರ್ತಿ ವಾದ ಮಾಡಲು 1836ರ ತನಕ ಅವಕಾಶವೇ ಇರಲಿಲ್ಲ. ಕಳ್ಳತನಕ್ಕೂ ಗಲ್ಲು ಇದ್ದ ಕಾಲ ಅದು.

ಪ್ರಶ್ನೆ: ಆರೋಪಿಗೆ ನಾಲ್ಕು ಏಟು ಬಿಟ್ಟರೆ ನಿಜ ತಾನಾಗಿ ಹೊರಗೆ ಬರಲ್ವಾ?

ಉತ್ತರ: ಇಟಲಿಯ ಚಿಂತಕ ಬೆಕ್ಕಾರಿಯಾ 1764ರಲ್ಲೇ ಇದಕ್ಕೆ ಉತ್ತರ ಕೊಟ್ಟಾಗಿದೆ: ಗಟ್ಟಿ ಮೈಯ ಕಳ್ಳ ತಡೆದುಕೊಂಡು ಪಾರಾಗುತ್ತಾನೆ, ಬಡಕಲು ನಿರಪರಾಧಿ ಒಪ್ಪಿಕೊಂಡು ಸಾಯುತ್ತಾನೆ.